ನೀರಿನ ಮೇಲೊಂದು ಗುರುಕುಲ

ಪಾಠಶಾಲೆಯೆಂದೊಡನೆ ವಾಚಕರ ಕಣ್ಣಿಗೆ ಕಟ್ಟುವುದು ಹೆಂಚಿನ ಮಾಡು, ಉದ್ದನೆಯ ಜಗುಲಿ, ಕರಿಹಲಗೆ, ಅಂಗಳದ ಮೂಲೆಯಲ್ಲೊಂದು ಮರ, ಹೊತ್ತುಹೊತ್ತಿಗೆ ಬಾರಿಸುವ ಗಂಟೆ. ಇವುಗಳಲ್ಲಿ ಕರಿಹಲಗೆಯೂ ಗಂಟೆಯೂ ಮಾತ್ರವೇ ಇದ್ದು, ಮಿಕ್ಕುದಾವುದೂ ಇಲ್ಲದ ಪಾಠಶಾಲೆಯೊಂದು ಮುಂಬಯಿಯ ಬಂದರಿನಲ್ಲಿ ೧೯೨೭ರಿಂದ ೧೯೭೨ರವರೆಗೆ, ಅಂದರೆ ಸರಿಯಾಗಿ ೪೫ ವರ್ಷಗಳ ಕಾಲ, ನಡೆಯಿತು. ಅದಕ್ಕೆ ಅಂಗಳವಿರಲಿಲ್ಲ, ಸುತ್ತಲೂ ಸಮುದ್ರದ ನೀರಿತ್ತು. ಗೋಡೆಗಳಿದ್ದುವು, ಆದರೆ ಅವು ಉಕ್ಕಿನವು. ಭರತ ಬಂದಾಗ ಶಾಲೆ ಮೇಲೇಳುತ್ತಿತ್ತು, ಇಳಿತವಾದಾಗ ಕೆಳಗಿಳಿಯುತ್ತಿತ್ತು. ಅದೊಂದು ಹಡಗು; ಹೆಸರು 'ಡಫರಿನ್'.

ನಾವು ಆಯುಷ್ಯದ ಬಹುಭಾಗವನ್ನು ನೆಲದ ಮೇಲಿನ ಶಾಲೆಗಳಲ್ಲಿ ಶಬ್ದರೂಪ ಧಾತುರೂಪಗಳನ್ನು ಹೇಳಿಕೊಡುತ್ತ ಕಳೆದವರು. ನೌಕಾಶಾಸ್ತ್ರ ನಮ್ಮ ವೃತ್ತಿಯಲ್ಲ. ಆದರೂ ಈ ಹಡಗಿನ ಚರಿತ್ರೆಯನ್ನು ಗೃಹಸ್ಥರ ಮುಂದಿಡಬೇಕೆಂದು ನಮಗೆ ತೋರಿದುದಕ್ಕೆ ಕಾರಣವುಂಟು. ಹಿಂದೂಸ್ಥಾನದ ಮಕ್ಕಳ ಪಾಲಿಗೆ ಸಮುದ್ರದ ಬಾಗಿಲು ಬಹುಕಾಲ ಮುಚ್ಚಿತ್ತು. ಆ ಬಾಗಿಲಿಗೆ ಹೊರಗಿನಿಂದ ಅಗುಳಿ ಹಾಕಿದವರು ಆಳುವ ಪರದೇಶೀಯರು; ಇದು ಎಲ್ಲರೂ ಬಲ್ಲ ಮಾತು. ಆದರೆ ಒಳಗಿನಿಂದಲೂ ಒಂದು ಅಗುಳಿಯಿತ್ತು. ಅದನ್ನು ಹಾಕಿದವರು ನಾವೇ. ಎರಡನ್ನೂ ಸಡಿಲಿಸುವುದರಲ್ಲಿ ಈ ತೇಲುವ ಶಾಲೆಯ ಪಾಲು ದೊಡ್ಡದು. ಅದು ಹೇಗೆಂಬುದನ್ನು ಕ್ರಮವಾಗಿ ವಿವರಿಸುವೆವು.

ಮೊದಲು ಒಳಗಿನ ಅಗುಳಿಯ ಮಾತು. ಬೌಧಾಯನ ಧರ್ಮಸೂತ್ರವು ಸಮುದ್ರಯಾನವನ್ನು ಪತನೀಯ ಕರ್ಮಗಳ ಪಟ್ಟಿಯಲ್ಲಿ ಸೇರಿಸಿದೆ. ಮುಂದೆ ಬಂದ ನಿಬಂಧಕಾರರು ಇದನ್ನೇ ಬೆಳೆಸಿ, ಹಡಗನ್ನೇರಿದ ದ್ವಿಜನು ಪ್ರಾಯಶ್ಚಿತ್ತ ಮಾಡಿಕೊಂಡರೂ ಪಂಕ್ತಿಗೆ ಅರ್ಹನಲ್ಲವೆಂದು ಕಲಿವರ್ಜ್ಯಗಳಲ್ಲಿ ಬರೆದಿಟ್ಟರು. ಈ ನಿಷೇಧ ಕೇವಲ ಗ್ರಂಥದಲ್ಲಿ ಉಳಿಯಲಿಲ್ಲ. ೧೮೮೮ರಲ್ಲಿ ಮೋಹನದಾಸ ಗಾಂಧಿಯವರು ಕಾನೂನು ವ್ಯಾಸಂಗಕ್ಕಾಗಿ ಇಂಗ್ಲೆಂಡಿಗೆ ಹೊರಟಾಗ ಮುಂಬಯಿಯಲ್ಲಿ ಅವರ ಜಾತಿಯ ಪಂಚಾಯಿತಿ ಅವರನ್ನು ಬಹಿಷ್ಕರಿಸಿತು. ಪ್ರಯಾಣಿಕನಾಗಿ ಹೋಗುವವನಿಗೇ ಈ ಗತಿಯಾದರೆ, ಹಡಗಿನಲ್ಲಿಯೇ ಬಾಳುವೆ ಮಾಡಬೇಕಾದ ಹುಡುಗನನ್ನು ಯಾವ ತಂದೆ ಕಳುಹಿಸಿಯಾನು?

ಹಾಗೆಂದು ನಮ್ಮ ಪೂರ್ವಿಕರೆಲ್ಲರೂ ನೀರಿಗೆ ಅಂಜಿದವರೆಂದು ಭಾವಿಸತಕ್ಕದ್ದಲ್ಲ. ಋಗ್ವೇದದಲ್ಲಿ ತುಗ್ರನ ಮಗನಾದ ಭುಜ್ಯುವು ನಡುಸಮುದ್ರದಲ್ಲಿ ಸಿಕ್ಕಿಬಿದ್ದಾಗ ಅಶ್ವಿನೀದೇವತೆಗಳು ನೂರು ಹುಟ್ಟುಗಳ ನಾವೆಯಲ್ಲಿ ಅವನನ್ನು ದಡ ಮುಟ್ಟಿಸಿದ ಕಥೆ ಬರುತ್ತದೆ. ಮನುಸ್ಮೃತಿಯು ಸಮುದ್ರಯಾನದಲ್ಲಿ ನಿಪುಣರಾದವರು ನಿಶ್ಚಯಿಸಿದ ಬಡ್ಡಿಯನ್ನೇ ಪ್ರಮಾಣವೆಂದು ಒಪ್ಪುತ್ತದೆ. ಅಂತಹ ನಿಪುಣರೇ ಇರದಿದ್ದರೆ ಈ ವಿಧಿಗೆ ಅರ್ಥವೆಲ್ಲಿ? ಜಾತಕ ಕಥೆಗಳಲ್ಲಿ ಭರುಕಚ್ಛದ ಸುಪ್ಪಾರಕನೆಂಬ ನಾವಿಕನಿದ್ದಾನೆ. ನಿರ್ಯಾಮಕರ, ಎಂದರೆ ಹಡಗಿಗೆ ದಾರಿ ತೋರಿಸುವವರ, ಮನೆತನದಲ್ಲಿ ಹುಟ್ಟಿ ಹದಿನಾರನೆಯ ವಯಸ್ಸಿಗೇ ಆ ವಿದ್ಯೆಯಲ್ಲಿ ಪಾರಂಗತನಾದವನು. ಉಪ್ಪುನೀರಿನ ಹೊಡೆತದಿಂದ ಕಣ್ಣು ಹೋದ ಮೇಲೂ ವರ್ತಕರು ಅವನನ್ನೇ ಬೇಡಿ ಹಡಗಿಗೆ ಕರೆದೊಯ್ದರು. ನಮ್ಮ ಕರಾವಳಿಯಲ್ಲಿ ಇಂದಿಗೂ ದೋಣಿಯ ಮುಖ್ಯಸ್ಥನನ್ನು 'ತಾಂಡೇಲ' ಎಂದು ಗೌರವದಿಂದ ಕರೆಯುತ್ತಾರಷ್ಟೆ. ವಿದ್ಯೆ ನಾಶವಾಗಿರಲಿಲ್ಲ. ಅದು ಕಡಲ ತಡಿಯ ಕೆಲವು ಕುಲಗಳಲ್ಲಿ ಉಳಿದು, ಓದುಬರೆಹ ಬಲ್ಲ ಮನೆಗಳಿಂದ ದೂರವಾಗಿತ್ತು.

ಇನ್ನು ಹೊರಗಿನ ಅಗುಳಿ. ಉಗಿಹಡಗುಗಳ ಕಾಲದಲ್ಲಿ ಬ್ರಿಟಿಷ್ ಹಡಗುಗಳಲ್ಲಿ ದುಡಿದ ಹಿಂದೂಸ್ಥಾನದ ಖಲಾಸಿಗಳು ಸಹಸ್ರಾರು ಮಂದಿ. ಕಚ್ಛ, ರತ್ನಾಗಿರಿ, ಗೋವೆ, ಸಿಲ್ಹೆಟ್ ಮೊದಲಾದ ಪ್ರದೇಶಗಳಿಂದ ಬಂದ ಇವರು ಹಗ್ಗ ಎಳೆದರು, ಡೆಕ್ಕು ತೊಳೆದರು, ಬೆಂಕಿಯ ಗೂಡಿಗೆ ಕಲ್ಲಿದ್ದಲು ತುಂಬಿದರು, ಅಡುಗೆ ಮಾಡಿ ಬಡಿಸಿದರು. ಇವರ ಮೇಲಾಳು ಸಾರಂಗ. ಆದರೆ ಸಾರಂಗನಿಂದ ಮೇಲಕ್ಕೆ ಒಂದು ಮೆಟ್ಟಿಲೂ ಇರಲಿಲ್ಲ. ಚುಕ್ಕಾಣಿ ಯಾವ ಕಡೆಗೆ ತಿರುಗಬೇಕೆಂದು ಅಪ್ಪಣೆ ಕೊಡುವವರು, ನಕಾಶೆಯ ಮೇಲೆ ಗೆರೆ ಎಳೆಯುವವರು, ಎಲ್ಲರೂ ಯುರೋಪಿಯನರು. ಆ ಸ್ಥಾನಕ್ಕೇರಬೇಕಾದರೆ ಪರೀಕ್ಷೆ ಕೊಟ್ಟು ಅರ್ಹತಾಪತ್ರ ಪಡೆಯಬೇಕು. ಪರೀಕ್ಷೆಗೆ ಕೂರಬೇಕಾದರೆ ಕೆಲವು ವರ್ಷ ಹಡಗಿನಲ್ಲಿ ಉಮೇದುವಾರನಾಗಿ ಕೆಲಸ ಮಾಡಿರಬೇಕು. ಆ ಉಮೇದುವಾರಿಕೆಯನ್ನು ಕೊಡುವವರು ಹಡಗಿನ ಕಂಪನಿಗಳವರು. ಅವರು ಕೊಡಲೊಲ್ಲರು. ಕಾಯಿದೆಯ ಪುಸ್ತಕದಲ್ಲಿ ನಿಷೇಧವಿಲ್ಲದೆಯೇ ಬಾಗಿಲು ಭದ್ರವಾಗಿ ಮುಚ್ಚಿಕೊಳ್ಳುವ ಬಗೆ ಇದು.

ಹಡಗಿನಲ್ಲಿಯೇ ಶಾಲೆ ಮಾಡುವ ಪದ್ಧತಿ ಇಂಗ್ಲೆಂಡಿನಲ್ಲಿ ಹುಟ್ಟಿದುದು. ೧೮೫೦ರಲ್ಲಿ ಅಲ್ಲಿಯ ಪಾರ್ಲಿಮೆಂಟು ವಿದೇಶಗಳಿಗೆ ಹೋಗುವ ವ್ಯಾಪಾರಿ ಹಡಗುಗಳ ಅಧಿಕಾರಿಗಳಿಗೆ ಪರೀಕ್ಷೆಯನ್ನು ಕಡ್ಡಾಯ ಮಾಡಿತು. ಪರೀಕ್ಷೆ ಬಂದ ಮೇಲೆ ಪಾಠವೂ ಬೇಕಾಯಿತು. ಅದೇ ಸಮಯಕ್ಕೆ ಉಗಿಯಂತ್ರದ ಪ್ರಭಾವದಿಂದ ಹಳೆಯ ಮರದ ಯುದ್ಧನೌಕೆಗಳು ಕೆಲಸಕ್ಕೆ ಬಾರದೆ ಮೂಲೆಗೆ ಬಿದ್ದಿದ್ದುವು. ಲಿವರ್‌ಪೂಲಿನ ನೌಕಾವರ್ತಕರು ಸರಕಾರದಿಂದ 'ಕಾನ್ವೇ' ಎಂಬ ಹಡಗನ್ನು ಎರವಾಗಿ ಪಡೆದು ೧೮೫೯ರಲ್ಲಿ ಮರ್ಸಿ ನದಿಯಲ್ಲಿ ಲಂಗರು ಹಾಕಿ ಶಾಲೆ ತೆರೆದರು. ೧೮೬೨ರಲ್ಲಿ ಲಂಡನ್ನಿನವರು ಥೇಮ್ಸ್ ನದಿಯಲ್ಲಿ 'ವೂಸ್ಟರ್' ಎಂಬ ಹಡಗಿನಲ್ಲಿ ಇನ್ನೊಂದನ್ನು ಆರಂಭಿಸಿದರು. ಕವಿ ಜಾನ್ ಮೇಸ್‌ಫೀಲ್ಡನು 'ಕಾನ್ವೇ'ಯ ವಿದ್ಯಾರ್ಥಿ. 'ವೂಸ್ಟರ್'ನಲ್ಲಿ ೧೮೭೦ರ ದಶಕದಲ್ಲಿ ಕಲಿತ ಜಪಾನೀ ತರುಣನೊಬ್ಬನ ಹೆಸರು ಟೋಗೋ ಹೆಯಿಹಚಿರೋ. ೧೯೦೫ರಲ್ಲಿ ತ್ಸುಷಿಮಾ ಜಲಸಂಧಿಯಲ್ಲಿ ರಷ್ಯದ ಮಹಾನೌಕಾಬಲವನ್ನು ಧ್ವಂಸಮಾಡಿದ ಸೇನಾಪತಿ ಅವನೇ. ಏಷ್ಯಾದವನಿಗೆ ಸಮುದ್ರವಿದ್ಯೆ ಒಗ್ಗದೆಂಬ ಮಾತಿಗೆ ಇದಕ್ಕಿಂತ ಬೇರೆ ಉತ್ತರ ಬೇಕೇ?

ಹಿಂದೂಸ್ಥಾನದಲ್ಲಿ ಈ ಪ್ರಶ್ನೆಗೆ ಬಿಸಿ ಹತ್ತಿದುದು ಸ್ವದೇಶೀ ಹಡಗುಗಳು ಕಡಲಿಗಿಳಿದ ಮೇಲೆ. ೧೯೦೬ರಲ್ಲಿ ತೂತ್ತುಕುಡಿಯಲ್ಲಿ ವಿ. ಓ. ಚಿದಂಬರಂ ಪಿಳ್ಳೆಯವರು ಸ್ವದೇಶೀ ಹಡಗಿನ ಕಂಪನಿಯನ್ನು ಕಟ್ಟಿ, ಬ್ರಿಟಿಷ್ ಕಂಪನಿಯ ಪೈಪೋಟಿಗೂ ಸರಕಾರದ ಕೋಪಕ್ಕೂ ಗುರಿಯಾಗಿ ಸೆರೆಮನೆ ಕಂಡರು. ೧೯೧೯ರಲ್ಲಿ ವಾಲಚಂದ ಹೀರಾಚಂದ, ನರೋತ್ತಮ ಮೊರಾರ್ಜಿ ಮೊದಲಾದವರು ಸಿಂಧಿಯಾ ಕಂಪನಿಯನ್ನು ಸ್ಥಾಪಿಸಿದರು. ಅವರ 'ಲಾಯಲ್ಟಿ' ಎಂಬ ಹಡಗು ಆ ವರ್ಷದ ಏಪ್ರಿಲ್ ೫ರಂದು ಮುಂಬಯಿಯಿಂದ ಲಂಡನ್ನಿಗೆ ಹೊರಟಿತು. ಆ ದಿನವನ್ನೇ ನಮ್ಮ ದೇಶದಲ್ಲಿ ಈಗ ರಾಷ್ಟ್ರೀಯ ನೌಕಾಯಾನ ದಿನವೆಂದು ಆಚರಿಸುತ್ತಾರೆ. ಹಡಗು ನಮ್ಮವರದು, ಸರಕು ನಮ್ಮವರದು, ಖಲಾಸಿಗಳೂ ನಮ್ಮವರು. ನಡೆಸುವ ಅಧಿಕಾರಿಗಳು ಮಾತ್ರ ಪರದೇಶದವರು. ಮನೆ ಕಟ್ಟಿಸಿದವನು ಬೀಗದಕೈಗಾಗಿ ನೆರೆಯವನ ಮನೆಗೆ ಹೋಗಬೇಕಾದಂತಹ ಸ್ಥಿತಿ.

೧೯೨೨ರಲ್ಲಿ ಕೇಂದ್ರ ಶಾಸನಸಭೆಯಲ್ಲಿ ಸರ್ ಪಿ. ಎಸ್. ಶಿವಸ್ವಾಮಿ ಅಯ್ಯರ್ ಅವರು ಹಿಂದೂಸ್ಥಾನಕ್ಕೆ ಸ್ವಂತ ವ್ಯಾಪಾರಿ ನೌಕಾಬಲವನ್ನು ನಿರ್ಮಿಸುವ ಬಗೆಯನ್ನು ವಿಚಾರಿಸಬೇಕೆಂಬ ನಿರ್ಣಯವನ್ನು ತಂದರು. ಅದರ ಫಲವಾಗಿ ೧೯೨೩ರಲ್ಲಿ ಕ್ಯಾಪ್ಟನ್ ಹೆಡ್‌ಲಮ್ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿ ನೇಮಕವಾಗಿ, ೧೯೨೪ರಲ್ಲಿ ವರದಿಯನ್ನೊಪ್ಪಿಸಿತು. ಅದರ ಸಲಹೆಗಳಲ್ಲಿ ಎರಡು ಮುಖ್ಯವಾದುವು. ನಮ್ಮ ಹುಡುಗರಿಗೆ ಅಧಿಕಾರಿಗಳ ಶಿಕ್ಷಣ ಕೊಡಲು ಮುಂಬಯಿಯಲ್ಲಿ ನೌಕಾಶಾಲೆ ತೆರೆಯಬೇಕೆಂಬುದು ಒಂದು. ನಮ್ಮ ಕರಾವಳಿಯ ವ್ಯಾಪಾರವನ್ನು ಕ್ರಮೇಣ ನಮ್ಮವರ ಹಡಗುಗಳಿಗೇ ಕಾದಿರಿಸಬೇಕೆಂಬುದು ಇನ್ನೊಂದು. ಸರಕಾರ ಮೊದಲನೆಯದನ್ನು ಒಪ್ಪಿತು, ಎರಡನೆಯದನ್ನು ಬದಿಗಿರಿಸಿತು. ೧೯೨೮ರಲ್ಲಿ ಸಾರಾಭಾಯಿ ನೇಮಚಂದ ಹಾಜಿಯವರು ಕರಾವಳಿಯ ವ್ಯಾಪಾರಕ್ಕಾಗಿ ಮಸೂದೆಯನ್ನು ತಂದು ಹೋರಾಡಿದರೂ, ಆ ಹಕ್ಕು ಕೈಗೂಡಿದುದು ಸ್ವಾತಂತ್ರ್ಯ ಬಂದ ಮೇಲೆಯೇ. ಎರಡು ಕಾಲಿನ ಮೇಲೆ ನಿಲ್ಲಬೇಕಾದ ವಸ್ತುವಿಗೆ ಒಂದೇ ಕಾಲು ದೊರೆತಂತಾಯಿತು. ಇದನ್ನು ವಾಚಕರು ನೆನಪಿನಲ್ಲಿಡಬೇಕು. ಮುಂದೆ ಬಂದ ಸಂಕಟಕ್ಕೆ ಮೂಲ ಇಲ್ಲಿಯೇ ಇದೆ.

ಶಾಲೆಗಾಗಿ ಆರಿಸಿದ ಹಡಗು ಹೊಸದಾಗಿರಲಿಲ್ಲ. ೧೮೮೪ರಿಂದ ೧೮೮೮ರವರೆಗೆ ವೈಸರಾಯ್ ಆಗಿದ್ದ ಡಫರಿನ್ ಪ್ರಭುವಿನ ಹೆಸರು ಹೊತ್ತ ಅದು ೧೯೦೪ರಲ್ಲಿ ಇಂಗ್ಲೆಂಡಿನ ಬ್ಯಾರೋ ಎಂಬ ಊರಿನ ವಿಕರ್ಸ್ ಕಾರ್ಖಾನೆಯಲ್ಲಿ ತಯಾರಾಯಿತು. ಸೈನಿಕರನ್ನು ದೇಶದಿಂದ ದೇಶಕ್ಕೆ ಸಾಗಿಸುವುದು ಅದರ ಕೆಲಸ. ೧೯೧೪ರ ಮಹಾಯುದ್ಧದಲ್ಲಿಯೂ ಸೇವೆ ಸಲ್ಲಿಸಿತು. ಸೈನಿಕರು ಮಲಗುತ್ತಿದ್ದ ವಿಶಾಲವಾದ ಅಂತಸ್ತುಗಳಿದ್ದುದರಿಂದ ಅದನ್ನು ವಿದ್ಯಾರ್ಥಿನಿಲಯವಾಗಿ ಮಾರ್ಪಡಿಸುವುದು ಸುಲಭವಾಯಿತು. ಮುಂಬಯಿಯ ಮಝಗಾಂವ್ ಧಕ್ಕೆಯ ಸಮೀಪದಲ್ಲಿ ಅದನ್ನು ನಿಲ್ಲಿಸಿದರು. ೧೯೨೭ರ ಕೊನೆಯಲ್ಲಿ ಮೊದಲನೆಯ ತಂಡದ ಹುಡುಗರು ಬಂದು ಸೇರಿದರು. ಮೊದಲ ಮುಖ್ಯಾಧಿಕಾರಿ ಕ್ಯಾಪ್ಟನ್ ಡಿಗ್ಬಿ ಬೆಸ್ಟ್. ದೇಶದೇಶಗಳನ್ನು ಸುತ್ತಿದ ಹಡಗು ಸಂಚಾರವನ್ನು ಬಿಟ್ಟು ಸ್ಥಿರವಾಯಿತು. ಅದು ಸ್ಥಿರವಾದುದರಿಂದ ಬೇರೆಯವರು ಸಂಚಾರಿಗಳಾದರು. ವಯಸ್ಸಾದ ಉಪಾಧ್ಯಾಯರಿಗೆ ಈ ಸ್ಥಿತಿ ಚೆನ್ನಾಗಿ ಅರ್ಥವಾಗುತ್ತದೆ.

ಹಡಗಿಗೆ ಬಂದವರು ಮೀಸೆ ಮೂಡದ ಬಾಲಕರು. ಮೂರು ವರ್ಷಗಳ ವ್ಯಾಸಂಗ. ಇಂತಹ ಶಾಲೆಗಳ ದಿನಚರಿ ನೆಲದ ಶಾಲೆಗಳದರಂತಲ್ಲ. ಬೆಳಕು ಹರಿಯುವ ಮುನ್ನ ತೂಗುಮಂಚವನ್ನು ಸುತ್ತಿ ಕಟ್ಟಿಡಬೇಕು. ಬರಿಗಾಲಿನಲ್ಲಿ ನಿಂತು ಡೆಕ್ಕನ್ನು ಉಜ್ಜಿ ತೊಳೆಯಬೇಕು. ಹಿತ್ತಾಳೆಯ ಸಾಮಾನುಗಳನ್ನು ಮುಖ ಕಾಣುವಂತೆ ಬೆಳಗಬೇಕು. ಹಗ್ಗಕ್ಕೆ ಹತ್ತಾರು ಬಗೆಯ ಗಂಟುಗಳನ್ನು ಕತ್ತಲೆಯಲ್ಲಿಯೂ ಹಾಕಲು ಬರಬೇಕು. ಏಕೆಂದರೆ ಬಿರುಗಾಳಿ ಹಗಲು ನೋಡಿ ಬರುವುದಿಲ್ಲ. ದೋಣಿಯಿಳಿಸಿ ಹುಟ್ಟು ಹಾಕುವುದು, ಹಾಯಿ ಕಟ್ಟಿ ಗಾಳಿಯನ್ನು ಪಳಗಿಸುವುದು, ಬಾವುಟಗಳಿಂದಲೂ ದೀಪದ ಮಿಣುಕಿನಿಂದಲೂ ದೂರದ ಹಡಗಿನೊಡನೆ ಮಾತನಾಡುವುದು, ಸೀಸದ ಗುಂಡು ಕಟ್ಟಿದ ದಾರವನ್ನಿಳಿಸಿ ನೀರಿನ ಆಳವನ್ನು ಅಳೆಯುವುದು, ಇವೆಲ್ಲವೂ ಪಾಠವೇ. ಇವುಗಳ ಜೊತೆಗೆ ಗಣಿತ, ಭೂಗೋಳ, ಇಂಗ್ಲಿಷು, ಭೌತಶಾಸ್ತ್ರಗಳ ಕ್ರಮವಾದ ತರಗತಿಗಳು. ಹಡಗಿನ ಹೊತ್ತು ನಾಲ್ಕು ನಾಲ್ಕು ಗಂಟೆಗಳ ಪಾಳಿಗಳಾಗಿ ಹಂಚಿಕೆಯಾಗುತ್ತದೆ. ಅರ್ಧ ಗಂಟೆಗೊಮ್ಮೆ ಗಂಟೆಯ ಒಂದೊಂದು ಪೆಟ್ಟು ಹೆಚ್ಚುತ್ತ ಎಂಟು ಪೆಟ್ಟುಗಳಾದಾಗ ಪಾಳಿ ಮುಗಿಯುತ್ತದೆ. ನಮ್ಮ ಹಿರಿಯರ ಯಾಮಗಳಂತೆಯೇ ಇದೂ ರಾತ್ರಿಯನ್ನು ಎಚ್ಚರದಿಂದ ಹಂಚಿಕೊಳ್ಳುವ ಉಪಾಯ.

ಈ ವಿದ್ಯೆಯ ತಿರುಳು ದಾರಿ ಕಾಣದ ನೀರಿನಲ್ಲಿ ತಾನೆಲ್ಲಿರುವೆನೆಂದು ತಿಳಿಯುವುದು. ಇದು ಪಂಚಾಂಗ ನೋಡುವ ಗೃಹಸ್ಥರಿಗೆ ಕಷ್ಟವಾದ ವಿಷಯವಲ್ಲ. ನಮ್ಮ ಜ್ಯೋತಿಷಿಗಳು ವಿಷುವದ ದಿನ ನಡುಹಗಲಲ್ಲಿ ಹನ್ನೆರಡಂಗುಲದ ಶಂಕುವನ್ನು ನಿಲ್ಲಿಸಿ, ಅದರ ನೆರಳನ್ನು ಅಳೆದು, ಆ ಪಲಭೆಯಿಂದ ಊರಿನ ಅಕ್ಷಾಂಶವನ್ನು ಸಾಧಿಸುತ್ತಿದ್ದರಷ್ಟೆ. ಓಲಾಡುವ ಹಡಗಿನಲ್ಲಿ ಶಂಕು ನಿಲ್ಲದು. ಆದುದರಿಂದ ನಾವಿಕನು ಸೆಕ್ಸ್‌ಟಂಟ್ ಎಂಬ ಕೈಯಂತ್ರದಿಂದ ದಿಗಂತದ ಮೇಲೆ ಸೂರ್ಯನ ಎತ್ತರವನ್ನು ಅಳೆಯುತ್ತಾನೆ. ವಿಷುವದ ದಿನದ ಮಧ್ಯಾಹ್ನ ದಕ್ಷಿಣದ ಕಡೆಗೆ ಸೂರ್ಯನ ಎತ್ತರ ೭೧ ಅಂಶಗಳಾದರೆ, ೯೦ರಲ್ಲಿ ಅದನ್ನು ಕಳೆದುಳಿದ ೧೯ ಅಂಶಗಳೇ ಉತ್ತರ ಅಕ್ಷಾಂಶ. ಅದು ಮುಂಬಯಿಯ ಅಕ್ಷಾಂಶ. ಬೇರೆ ದಿನಗಳಲ್ಲಿ ಸೂರ್ಯನ ಕ್ರಾಂತಿಯನ್ನು ಕೋಷ್ಟಕದಿಂದ ನೋಡಿ ಕೂಡಿಸುವುದು ಅಥವಾ ಕಳೆಯುವುದು. ಇನ್ನು ರೇಖಾಂಶಕ್ಕೆ ಗಡಿಯಾರವೇ ಗುರು. ಭೂಮಿ ಒಂದು ಗಂಟೆಗೆ ೧೫ ಅಂಶ ತಿರುಗುವುದರಿಂದ ಒಂದಂಶಕ್ಕೆ ೪ ನಿಮಿಷ. ಮುಂಬಯಿಗೂ ಏಡನ್ನಿಗೂ ಸುಮಾರು ೨೮ ಅಂಶಗಳ ಅಂತರ. ಮುಂಬಯಿಯಲ್ಲಿ ಮಧ್ಯಾಹ್ನವಾದ ಸುಮಾರು ೧೧೨ ನಿಮಿಷಗಳ ನಂತರ ಏಡನ್ನಿನಲ್ಲಿ ಮಧ್ಯಾಹ್ನ. ಆದುದರಿಂದಲೇ ತಪ್ಪದೆ ನಡೆಯುವ ಕ್ರೊನೊಮೀಟರ್ ಗಡಿಯಾರವನ್ನು ಹಡಗಿನಲ್ಲಿ ಕಣ್ಣರೆಪ್ಪೆಯಂತೆ ಕಾಪಾಡುತ್ತಿದ್ದರು. ನಾಲ್ಕು ನಿಮಿಷ ತಪ್ಪಿದರೆ ಭೂಮಧ್ಯರೇಖೆಯ ಬಳಿ ಅರವತ್ತು ನಾಟಿಕಲ್ ಮೈಲಿ ದಾರಿ ತಪ್ಪಿದಂತೆ. ತರಗತಿಯ ಲೆಕ್ಕ ತಪ್ಪಿದರೆ ಅಂಕ ಹೋಗುತ್ತದೆ. ಇಲ್ಲಿಯ ಲೆಕ್ಕ ತಪ್ಪಿದರೆ ಹಡಗು ಬಂಡೆಗೆ ಬಡಿಯುತ್ತದೆ. ಗಣಿತವನ್ನು ಇಷ್ಟು ಶ್ರದ್ಧೆಯಿಂದ ಕಲಿಸಬಲ್ಲ ಶಾಲೆ ಬೇರೆ ಯಾವುದಿದೆ?

ಮೂರು ವರ್ಷ ಮುಗಿಸಿ ಹೊರಬಂದವನು ಅಧಿಕಾರಿಯಾಗಿಬಿಡುತ್ತಿರಲಿಲ್ಲ. ಮುಂದೆ ನಿಜವಾದ ಸಮುದ್ರದಲ್ಲಿ ಉಮೇದುವಾರಿಕೆ ಮಾಡಿ, ಎರಡನೆಯ ಮೇಟ್, ಮೊದಲನೆಯ ಮೇಟ್, ಕೊನೆಗೆ ಮಾಸ್ಟರ್ ಎಂಬ ಪರೀಕ್ಷೆಗಳನ್ನು ಒಂದೊಂದಾಗಿ ದಾಟಬೇಕು. ಇಲ್ಲಿಯೇ ಹಿಂದೆ ಹೇಳಿದ ಒಂಟಿಕಾಲಿನ ಸಂಕಟ ಎದುರಾದುದು. ಶಾಲೆಯಿಂದ ಹೊರಬಿದ್ದ ಹುಡುಗರಿಗೆ ಹಡಗುಗಳಲ್ಲಿ ಸ್ಥಾನವೆಲ್ಲಿ? ಬ್ರಿಟಿಷ್ ಕಂಪನಿಗಳು ಹಿಂಜರಿದುವು. ಕೈಯಲ್ಲಿ ವಿದ್ಯೆಯಿದ್ದೂ ದಡದಲ್ಲಿ ನಿಂತು ಹಾದುಹೋಗುವ ಹಡಗುಗಳನ್ನು ನೋಡುವುದೊಂದೇ ಫಲವಾಗುವ ಹಾಗಿದ್ದಿತು. ಆಗ ಕೈ ಹಿಡಿದುದು ಸಿಂಧಿಯಾ ಕಂಪನಿ. ಅದು ತನ್ನ ಹಡಗುಗಳಲ್ಲಿ ಈ ಹುಡುಗರನ್ನು ಉಮೇದುವಾರರಾಗಿ ತೆಗೆದುಕೊಂಡು, ಕಾಲಕ್ರಮದಲ್ಲಿ ಅಧಿಕಾರಿಗಳನ್ನಾಗಿ ಏರಿಸಿತು. ಶಾಲೆಯನ್ನು ಕಟ್ಟಿದ ಕೀರ್ತಿ ಸರಕಾರಕ್ಕೆ ಸಲ್ಲಲಿ. ಅದನ್ನು ಬದುಕಿಸಿದ ಕೀರ್ತಿಯಲ್ಲಿ ದೊಡ್ಡ ಪಾಲು ಸ್ವದೇಶೀ ಹಡಗುಗಳಿಗೆ ಸಲ್ಲತಕ್ಕದ್ದು. ವಿದ್ಯೆಯನ್ನು ಕೊಡುವವನೊಬ್ಬ, ಅದಕ್ಕೆ ಉದ್ಯೋಗವನ್ನು ಕೊಡುವವನೊಬ್ಬ. ಇಬ್ಬರೂ ಕೂಡದಿದ್ದರೆ ಶಿಷ್ಯನ ಪಾಡು ತ್ರಿಶಂಕುವಿನದಾಗುತ್ತದೆ.

ಆ ಮೊದಲನೆಯ ತಂಡದಲ್ಲಿ ರಾಮದಾಸ್ ಕಟಾರಿ ಎಂಬ ಬಾಲಕನಿದ್ದನು. ೧೯೧೧ರಲ್ಲಿ ಮದರಾಸಿನ ಹತ್ತಿರದ ಚೆಂಗಲ್ಪಟ್ಟಿನಲ್ಲಿ ಹುಟ್ಟಿದವನು. ಶಾಲೆಯಲ್ಲಿ ವೈಸರಾಯರ ಸ್ವರ್ಣಪದಕವನ್ನು ಗಳಿಸಿ, ಕಲ್ಕತ್ತೆಯ ಹೂಗ್ಲಿ ನದಿಯ ಆಳವನ್ನು ಅಳೆಯುವ ಇಲಾಖೆಗೆ ಸೇರಿದನು. ಆ ನದಿಯ ತಳದ ಮರಳು ದಿನಕ್ಕೊಂದು ರೀತಿ ಸರಿಯುವುದರಿಂದ ಹಡಗುಗಳಿಗೆ ಅದು ಬಲು ಅಪಾಯಕರ. ಅಲ್ಲಿ ತೂಗಿ ಅಳೆದು ಕೆಲಸ ಮಾಡುವವನೇ ಬೇಕು. ಎರಡನೆಯ ಮಹಾಯುದ್ಧ ಬಂದಾಗ ಯುದ್ಧನೌಕಾದಳದ ಮೀಸಲು ಪಡೆಯನ್ನು ಸೇರಿ, ಮೆಟ್ಟಿಲು ಮೆಟ್ಟಿಲಾಗಿ ಏರಿ, ೧೯೫೮ರ ಏಪ್ರಿಲ್ ೨೨ರಂದು ಭಾರತದ ನೌಕಾಬಲದ ಮುಖ್ಯಾಧಿಪತಿಯಾದರು. ಅಲ್ಲಿಯವರೆಗೆ, ಸ್ವಾತಂತ್ರ್ಯ ಬಂದು ಹತ್ತು ವರ್ಷಗಳು ಕಳೆದಿದ್ದರೂ, ಆ ಪೀಠದಲ್ಲಿದ್ದವರು ಬ್ರಿಟಿಷ್ ಅಧಿಕಾರಿಗಳೇ. ಆ ಪೀಠವನ್ನೇರಿದ ಮೊದಲನೆಯ ಭಾರತೀಯನು, ಮೂವತ್ತು ವರ್ಷಗಳ ಹಿಂದೆ 'ಡಫರಿನ್' ಹಡಗನ್ನೇರಿದ ಮೊದಲನೆಯ ತಂಡದ ಹುಡುಗ. ಮುಂದೆ ೧೯೮೭ರಿಂದ ೧೯೯೦ರವರೆಗೆ ಅದೇ ಪೀಠದಲ್ಲಿದ್ದ ಜಯಂತ ಗಣಪತ ನಾಡಕರ್ಣಿಯವರೂ ಇದೇ ಶಾಲೆಯವರು. ವ್ಯಾಪಾರಿ ಹಡಗಿಗೆಂದು ನೆಟ್ಟ ಮರ ರಣನೌಕೆಗೂ ನೆರಳು ಕೊಟ್ಟಿತು.

ಹೀಗೆ ಹೆಸರು ಉಳಿದವರು ಕೆಲವರು. ಹೆಸರುಳಿಯದೆ, ಅಕ್ಕಿ ಕಲ್ಲಿದ್ದಲು ಉಪ್ಪುಗಳನ್ನು ಹೇರಿಕೊಂಡು ಬಂದರಿನಿಂದ ಬಂದರಿಗೆ ಹಡಗು ನಡೆಸಿ, ನಡುರಾತ್ರಿಯ ಪಾಳಿಗಳನ್ನು ಕಾದು, ವರ್ಷಕ್ಕೊಮ್ಮೆ ಮನೆಗೆ ಬಂದು ಮಕ್ಕಳಿಗೆ ಅಪರಿಚಿತರಂತೆ ಕಂಡ ನಾವಿಕರೇ ಹೆಚ್ಚಿನವರು. ದೇಶದ ಬಾಳುವೆ ಇವರ ಎಚ್ಚರದ ಮೇಲೆ ನಿಂತಿರುತ್ತದೆ. ಅಂಗಡಿಯಲ್ಲಿ ಸೀಮೆಎಣ್ಣೆ ಕೊಂಡ ಗೃಹಿಣಿಗೆ ಅದು ಬಂದ ಹಡಗಿನ ಹೆಸರು ತಿಳಿಯುವುದಿಲ್ಲ, ತಿಳಿಯಬೇಕಾದ್ದೂ ಇಲ್ಲ; ಆದರೆ ಆ ಹಡಗಿನ ಮೇಲೆ ಒಬ್ಬ ತಾಯಿಯ ಮಗ ನಿದ್ದೆಗೆಟ್ಟು ನಿಂತಿದ್ದನೆಂಬುದನ್ನು ಒಮ್ಮೆ ನೆನೆಯುವುದು ಧರ್ಮ.

೧೯೩೫ರಲ್ಲಿ ಶಾಲೆಯ ವ್ಯಾಪ್ತಿ ಹೆಚ್ಚಿ, ಹಡಗಿನ ಯಂತ್ರಗಳನ್ನು ನೋಡಿಕೊಳ್ಳುವ ಎಂಜಿನಿಯರುಗಳ ಶಿಕ್ಷಣವೂ ಸೇರಿತು. ಸ್ವಾತಂತ್ರ್ಯಾನಂತರ, ೧೯೪೯ರಲ್ಲಿ, ಆ ಶಿಕ್ಷಣಕ್ಕೆ ಪ್ರತ್ಯೇಕ ಸಂಸ್ಥೆ ಏರ್ಪಟ್ಟು ಅದು ಕಲ್ಕತ್ತೆ ಮುಂಬಯಿಗಳಲ್ಲಿ ನೆಲದ ಮೇಲೆ ನೆಲೆಗೊಂಡಿತು. ಆ ವರ್ಷಗಳಲ್ಲಿ ದೇಶಕ್ಕೆ ನಾವಿಕರ ಅಗತ್ಯ ಬಹುವಾಗಿ ಹೆಚ್ಚಿತು. ೧೯೪೮ರ ಮಾರ್ಚ್ ೧೪ರಂದು ವಿಶಾಖಪಟ್ಟಣದಲ್ಲಿ ಸಿಂಧಿಯಾದವರು ಕಟ್ಟಿದ 'ಜಲ ಉಷಾ' ಎಂಬ ಹಡಗನ್ನು ಪ್ರಧಾನಿ ನೆಹರೂ ಅವರು ನೀರಿಗಿಳಿಸಿದರು. ಖಲಾಸಿಗಳ ಶಿಕ್ಷಣಕ್ಕಾಗಿಯೂ 'ಭದ್ರಾ', 'ಮೇಖಲಾ', 'ನೌಲಕ್ಷಿ' ಎಂಬ ಶಿಕ್ಷಣನೌಕೆಗಳು ಏರ್ಪಟ್ಟಿದ್ದುವು. ಭೂದೇವಿಗೆ ಸಮುದ್ರವೇ ಮೇಖಲೆ, ಅಂದರೆ ಒಡ್ಯಾಣ, ಎಂಬ ಕವಿಸಮಯವನ್ನು ಬಲ್ಲವರಿಗೆ ಈ ಹೆಸರಿನ ಸೊಗಸು ತಿಳಿಯುತ್ತದೆ. ಅಧಿಕಾರಿಗಳಿಗೆ ಮಾತ್ರವಲ್ಲದೆ ಹಗ್ಗ ಹಿಡಿಯುವವನಿಗೂ ಕ್ರಮವಾದ ಶಿಕ್ಷಣ ಬೇಕೆಂಬ ವಿಚಾರ ಬಂದುದು ಸ್ವರಾಜ್ಯದ ಲಕ್ಷಣವೇ ಸರಿ.

೧೯೭೨ರಲ್ಲಿ ಮುದುಕನಾದ 'ಡಫರಿನ್' ನಿವೃತ್ತಿ ಹೊಂದಿ, 'ರಾಜೇಂದ್ರ' ಎಂಬ ಹೊಸ ಹಡಗು ಆ ಕೆಲಸವನ್ನು ವಹಿಸಿಕೊಂಡಿತು. ೧೯೯೩ರಲ್ಲಿ ಶಾಲೆ ನೀರನ್ನು ಬಿಟ್ಟು ನೆಲಕ್ಕೇರಿತು; ನವೀ ಮುಂಬಯಿಯ ನೆರೂಳ್ ಬಳಿಯ ಕರಾವೆಯಲ್ಲಿ 'ಚಾಣಕ್ಯ' ಎಂಬ ಹೆಸರಿನಿಂದ ನೆಲಸಿತು. ಕಟ್ಟಡವಾದರೂ ಅದನ್ನು ಇಂದಿಗೂ ಶಿಕ್ಷಣನೌಕೆಯೆಂದೇ ಕರೆಯುವರು. ೨೦೦೮ರಲ್ಲಿ ಭಾರತೀಯ ಸಾಗರ ವಿಶ್ವವಿದ್ಯಾನಿಲಯ ಚೆನ್ನೈಯಲ್ಲಿ ಕೇಂದ್ರವನ್ನಿಟ್ಟುಕೊಂಡು ಸ್ಥಾಪಿತವಾದಾಗ 'ಚಾಣಕ್ಯ'ವೂ ಅದರ ಅಂಗವಾಯಿತು. ಇಂಗ್ಲೆಂಡಿನ ಹಿರಿಯಕ್ಕಂದಿರ ಕಥೆಯೂ ಮುಗಿದುಹೋಗಿದೆ. 'ಕಾನ್ವೇ' ಹಡಗು ೧೯೫೩ರಲ್ಲಿ ದುರಸ್ತಿಗೆಂದು ಎಳೆದೊಯ್ಯುತ್ತಿದ್ದಾಗ ಮೆನಾಯ್ ಜಲಸಂಧಿಯ ಸೆಳವಿಗೆ ಸಿಕ್ಕಿ ದಡಕ್ಕೆ ಬಿದ್ದು ಮುರಿಯಿತು. ಅದರ ಶಾಲೆ ನೆಲದ ಮೇಲೆ ೧೯೭೪ರವರೆಗೆ ನಡೆದು ಮುಚ್ಚಿತು. 'ವೂಸ್ಟರ್' ಅದಕ್ಕೂ ಮೊದಲೇ, ೧೯೬೮ರಲ್ಲಿ, ಮುಚ್ಚಿತ್ತು. ಅಕ್ಕಂದಿರು ಹೋದರು; ತಂಗಿಯ ವಂಶ ಬೆಳೆಯಿತು.

'ಚಾಣಕ್ಯ' ಎಂಬ ಹೆಸರು ಯೋಗ್ಯವಾದುದು. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ನಾವಧ್ಯಕ್ಷನೆಂಬ ಅಧಿಕಾರಿಗಾಗಿಯೇ ಒಂದು ಪ್ರಕರಣವುಂಟು. ಬಿರುಗಾಳಿಗೆ ಸಿಕ್ಕಿ ಬಂದ ಹಡಗನ್ನು ತಂದೆಯಂತೆ ಕಾಪಾಡಬೇಕು, ನೀರಿನಿಂದ ಕೆಟ್ಟ ಸರಕಿಗೆ ಸುಂಕವನ್ನು ಬಿಡಬೇಕು ಇಲ್ಲವೇ ಅರ್ಧ ಮಾಡಬೇಕು ಎಂಬುದು ಅವನ ವಿಧಿ. ದೊಡ್ಡ ನಾವೆಗಳಿಗೆ ಶಾಸಕ, ನಿಯಾಮಕ, ಹಗ್ಗ ಹಿಡಿಯುವವನು, ಒಳಗಿನ ನೀರನ್ನು ಎತ್ತಿ ಚೆಲ್ಲುವವನು ಮೊದಲಾದವರನ್ನು ಅವನು ಹೆಸರಿಸಿದ್ದಾನೆ. ಅಲ್ಲಿ ಶಾಸಕನೆಂದರೆ ಹಡಗಿನ ಯಜಮಾನ. ನಾವು ಈಗ ಆ ಪದವನ್ನು ವಿಧಾನಸಭೆಗೆ ಕೊಟ್ಟಿದ್ದೇವೆ. ಅಲ್ಲಿರುವವರೂ ತಾವು ಬಿರುಗಾಳಿಯಲ್ಲಿ ಹಡಗು ನಡೆಸುವವರೆಂದು ತಿಳಿದರೆ ನಾಡಿಗೆ ಲೇಸು.

ಶಾಲೆ ನೆಲಕ್ಕೇರಿದುದರಿಂದ ಲಾಭವೇ ನಷ್ಟವೇ ಎಂದು ಕೇಳುವವರುಂಟು. ಲಾಭ ಸ್ಪಷ್ಟ. ವಿಶಾಲವಾದ ಪ್ರಯೋಗಶಾಲೆಗಳು ದೊರೆತುವು. ಹಡಗು ನಡೆಸುವ ಅನುಭವವನ್ನು ಕೋಣೆಯೊಳಗೇ ತೋರಿಸುವ ಯಂತ್ರಗಳು ಬಂದುವು. ಪದವಿಯ ವ್ಯಾಸಂಗ ಸಾಧ್ಯವಾಯಿತು. ಹೆಣ್ಣುಮಕ್ಕಳೂ ಈಗ ಈ ವಿದ್ಯೆಯನ್ನು ಕಲಿತು ಹಡಗುಗಳನ್ನು ನಡೆಸುತ್ತಿದ್ದಾರೆ. ಇಂದು ಜಗತ್ತಿನ ಹಡಗುಗಳಲ್ಲಿ ದುಡಿಯುವ ಭಾರತೀಯರು ಎರಡು ಲಕ್ಷಕ್ಕೂ ಹೆಚ್ಚು ಮಂದಿ. ಅವರಲ್ಲಿ ಅಧಿಕಾರಿಗಳೂ ಬಹುಮಂದಿ. ಆದರೆ ಹಡಗಿನ ಗುರುಕುಲದಲ್ಲಿ ಒಂದು ಗುಣವಿದ್ದಿ​ತು. ಅಲ್ಲಿ ಪಾಠಕ್ಕೂ ಬಾಳುವೆಗೂ ನಡುವೆ ಗೋಡೆಯಿರಲಿಲ್ಲ. ಗಂಟೆ ಹೊಡೆದೊಡನೆ ಮನೆಗೆ ಓಡುವಂತಿರಲಿಲ್ಲ. ಒಬ್ಬ ಹಾಕಿದ ಗಂಟಿನ ಮೇಲೆ ಇನ್ನೊಬ್ಬನ ಪ್ರಾಣ ನಿಲ್ಲುತ್ತಿತ್ತು. ಪ್ರಾಚೀನ ಗುರುಕುಲಗಳಲ್ಲಿ ಶಿಷ್ಯನು ಸಮಿತ್ತು ತಂದು, ಹಸು ಕಾಯ್ದು, ಆಮೇಲೆ ಮಂತ್ರ ಕಲಿಯುತ್ತಿದ್ದುದು ಇದೇ ನೀತಿಯಿಂದ. ಕೈಗೆ ಕೆಲಸ ಬಂದ ಮೇಲೆ ಬಾಯಿಗೆ ಬಂದ ವಿದ್ಯೆ ನಿಲ್ಲುತ್ತದೆ.

ಕೊನೆಯದಾಗಿ ಗೃಹಸ್ಥರಿಗೆ ಒಂದು ಮಾತು. ಮಗನೋ ಮಗಳೋ ಒಂದು ದಿನ ಬಂದು, ತಾನು ಸಮುದ್ರಕ್ಕೆ ಹೋಗುವೆನೆಂದರೆ ಮನೆಯಲ್ಲಿ ಅಲ್ಲೋಲಕಲ್ಲೋಲವಾಗುವುದು ಸಹಜ. ಕಷ್ಟಗಳು ಸುಳ್ಳಲ್ಲ. ತಿಂಗಳುಗಟ್ಟಲೆ ಮನೆಯ ಮುಖ ಕಾಣದು. ಹಬ್ಬ ಮದುವೆಗಳಿಗೆ ಬರಲಾಗದು. ಗಾಳಿ ಮಳೆ ಕಡಲ್ಗಳ್ಳರ ಭಯ ಇಂದಿಗೂ ಪೂರ್ತಿ ಹೋಗಿಲ್ಲ. ಶಿಕ್ಷಣ ಮುಗಿಸಿದವರೆಲ್ಲರಿಗೂ ಒಡನೆಯೇ ಹಡಗು ದೊರೆಯುವುದೆಂಬ ಭರವಸೆಯೂ ಇಲ್ಲ; ಒಂಟಿಕಾಲಿನ ಸಂಕಟ ಈ ವಿದ್ಯೆಯನ್ನು ಪೂರ್ತಿ ಬಿಟ್ಟುಹೋಗಿಲ್ಲ. ಆದುದರಿಂದ ಸೇರಿಸುವ ಮೊದಲು ಸಂಸ್ಥೆಗೆ ಸರಕಾರದ ಮಾನ್ಯತೆಯುಂಟೇ, ಕಲಿತ ಮೇಲೆ ಹಡಗಿನಲ್ಲಿ ಉಮೇದುವಾರಿಕೆ ಕೊಡಿಸುವವರುಂಟೇ ಎಂಬೆರಡನ್ನು ಚೆನ್ನಾಗಿ ವಿಚಾರಿಸತಕ್ಕದ್ದು. ಇವನ್ನೆಲ್ಲ ತೂಗಿನೋಡಿ ಬೇಡವೆನ್ನುವ ಹಕ್ಕು ತಂದೆತಾಯಿಗಳಿಗೆ ಇದ್ದೇ ಇದೆ. ಆದರೆ ತೂಗಿನೋಡದೆ, ನಮ್ಮ ಮನೆತನದಲ್ಲಿ ಯಾರೂ ಹೋದವರಿಲ್ಲವೆಂಬ ಒಂದೇ ಕಾರಣದಿಂದ ಬೇಡವೆನ್ನಬಾರದು. ೧೯೨೭ರಲ್ಲಿ ಮಝಗಾಂವ್ ಧಕ್ಕೆಯಿಂದ ದೋಣಿ ಹತ್ತಿ ಆ ಹಡಗಿಗೆ ಹೋದ ಹುಡುಗರ ಮನೆಗಳಲ್ಲಿಯೂ ಇದೇ ಮಾತು ಬಂದಿದ್ದರೆ ಆಶ್ಚರ್ಯವಿಲ್ಲ. ಹೊರಗಿನ ಅಗುಳಿಯನ್ನು ತೆಗೆಯಲು ಸಭೆ, ಸಮಿತಿ, ಸ್ವರಾಜ್ಯಗಳು ಬೇಕಾದುವು. ಒಳಗಿನ ಅಗುಳಿಯನ್ನು ತೆಗೆದವರು ಕಣ್ಣೊರಸಿಕೊಂಡು, ಪೆಟ್ಟಿಗೆ ಕಟ್ಟಿಕೊಟ್ಟು, ಹೋಗಿ ಬಾ ಎಂದ ತಂದೆತಾಯಿಗಳು. ಅವರ ಹೆಸರು ಯಾವ ಹಡಗಿನ ಮೇಲೂ ಇಲ್ಲ.